ಭಾಗವತರ ಸ್ವರಕ್ಕೆ ಪಿಚ್ ಕರೆಕ್ಷನ್: ನಾನು ಮಾಡಿದ ರೀತಿ

ಯಕ್ಷಗಾನದ ಭಾಗವತಿಕೆಗೆ ಪಿಚ್ ಕರೆಕ್ಷನ್ (ಶ್ರುತಿ ತಪ್ಪಿದ ಸ್ವರವನ್ನು ಕಂಪ್ಯೂಟರಿನಲ್ಲಿ ಸರಿ ಮಾಡುವುದು) ಹಾಕಿದರೆ ಕೆಟ್ಟುಹೋಗುತ್ತದೆ ಎಂದು ಶಿರಸಿಯಲ್ಲಿ ನನಗೆ ಬುದ್ಧಿ ಹೇಳಿದವರು ಬಹಳ ಜನ. ಕಳೆದ ಮಳೆಗಾಲದಲ್ಲಿ ಹಿರಿಯ ಭಾಗವತರೊಬ್ಬರ ಐದಾರು ಪದ್ಯ ಮುಗಿಸಿ ಕೊಟ್ಟೆ. ಬುದ್ಧಿ ಹೇಳಿದವರಲ್ಲೇ ಇಬ್ಬರು ಕೇಳಿ, "ಇದಕ್ಕೆ ಏನೂ ಹಾಕಿಲ್ಲ ಅಲ್ವಾ?" ಅಂದರು. ಹಾಕಿದ್ದೆ.

ಮೊದಲು ದುಡ್ಡು ಹೋದ ಕತೆ. ರೆಕಾರ್ಡಿಂಗ್ ಸಾಫ್ಟ್‌ವೇರ್ ಒಳಗೆ ಸೇರಿಸಿಕೊಳ್ಳುವ, ಎಲ್ಲರೂ ಹೊಗಳುವ ಒಂದು ಪ್ಲಗಿನ್‌ಗೆ ಏಳೆಂಟು ಸಾವಿರ ಸುರಿದೆ. ಅದರಲ್ಲಿ ಮೊದಲೇ ಮಾಡಿಟ್ಟ ಪ್ರೀಸೆಟ್‌ಗಳೆಲ್ಲ ಪಾಪ್ ಹಾಡಿಗೆ. ಹನ್ನೆರಡೂ ಸ್ವರ ಆನ್ ಇಟ್ಟು, ವೇಗ ಜಾಸ್ತಿ ಕೊಟ್ಟರೆ ಗಮಕವೆಲ್ಲ ಮೆಟ್ಟಿಲು ಮೆಟ್ಟಿಲಾಗಿ ಕೇಳುತ್ತದೆ. ಭಾಗವತರು ಹೆಡ್‌ಫೋನ್ ತೆಗೆದಿಟ್ಟು, "ಎಂತ ಮಾಡಿದ್ಯೋ ತಮಾ, ಇದು ನನ್ನ ಸ್ವರವೇ ಅಲ್ಲ" ಅಂದರು. ಕೊನೆಗೆ ಕೆಲಸಕ್ಕೆ ಬಂದದ್ದು ರೀಪರ್ ಎಂಬ ರೆಕಾರ್ಡಿಂಗ್ ಸಾಫ್ಟ್‌ವೇರ್ ಜೊತೆಗೇ ಬರುವ ಪಿಚ್ ಪ್ಲಗಿನ್ ರೀಟ್ಯೂನ್. ರೀಪರ್ ಲೈಸೆನ್ಸ್ 60 ಡಾಲರ್, ಅಷ್ಟೇ ಖರ್ಚು.

ನಿಜವಾದ ತಲೆನೋವು ಚಂಡೆ. ಒಂದೇ ಕೋಣೆಯಲ್ಲಿ ರೆಕಾರ್ಡ್ ಮಾಡಿದರೆ ಚಂಡೆ ಪೆಟ್ಟು ಸ್ವರದ ಮೈಕಿಗೂ ಬೀಳುತ್ತದೆ. ಪ್ಲಗಿನ್‌ಗೆ ಯಾವುದು ಸ್ವರ ಎಂದೇ ಗೊತ್ತಾಗದೆ ಎಲ್ಲೆಲ್ಲಿಗೋ ಎಳೆಯುತ್ತದೆ. ಸಣ್ಣ ಸದ್ದನ್ನು ಮುಚ್ಚಿಬಿಡುವ ಗೇಟ್ ಹಾಕಿ ನೋಡಿದೆ, ಪದ್ಯದ ಬಾಲವೇ ತುಂಡಾಯಿತು. ಹಿಮ್ಮೇಳ ಆಮೇಲೆ ತುಂಬೋಣ ಅಂದರೆ ಭಾಗವತರಿಗೆ ಹಾಡಲು ಹುರುಪೇ ಇಲ್ಲ. ಕಡೆಗೆ ಚಂಡೆ, ಮದ್ದಳೆಯವರನ್ನು ಜಗಲಿಯಲ್ಲಿ ಕೂರಿಸಿ, ಭಾಗವತರನ್ನು ಅಡಿಕೆ ಚೀಲ ಒಟ್ಟಿದ ಒಳಕೋಣೆಗೆ ಕಳಿಸಿದೆ. ಹೆಡ್‌ಫೋನ್‌ನಲ್ಲಿ ಒಬ್ಬರಿಗೊಬ್ಬರು ಕೇಳುವ ಹಾಗೆ ಮಾಡಿದೆ. ಆ ಚೀಲಗಳು ಫೋಮ್‌ಗಿಂತ ವಾಸಿ. ತಾಳ ಬಿಡಿಸಲು ಮಾತ್ರ ಆಗಲಿಲ್ಲ. ಕೈಯಲ್ಲಿ ತಾಳ ಇಲ್ಲದಿದ್ದರೆ ಅವರಿಗೆ ಬಾಯಿಯೇ ಬರುವುದಿಲ್ಲ. ತಾಳಕ್ಕೆ ಬಟ್ಟೆ ಸುತ್ತಿದೆವು. ಮಳೆ ಜೋರಾದರೆ ಕೆಲಸ ಬಂದ್, ಚಹಾ ಕುಡಿಯುವುದು.

ಇನ್ನು ಸೆಟ್ಟಿಂಗ್. ಶ್ರುತಿ ಕಪ್ಪು 2 (ಹಾರ್ಮೋನಿಯಂನ ಎರಡನೇ ಕಪ್ಪು ಮನೆ, ಡಿ ಶಾರ್ಪ್), ರಾಗ ಮೋಹನ ಅಂದುಕೊಳ್ಳಿ. ಡಿ ಶಾರ್ಪ್, ಎಫ್, ಜಿ, ಎ ಶಾರ್ಪ್, ಸಿ ಇಷ್ಟೇ ಆನ್, ಉಳಿದದ್ದೆಲ್ಲ ಆಫ್. ಅಟ್ಯಾಕ್, ಅಂದರೆ ಸ್ವರವನ್ನು ಎಷ್ಟು ನಿಧಾನ ಎಳೆಯಬೇಕು ಎನ್ನುವುದು, 300 ಮಿಲಿಸೆಕೆಂಡ್ ಆಸುಪಾಸು. ಇದಕ್ಕಿಂತ ಮುಖ್ಯ, ಶ್ರುತಿಪೆಟ್ಟಿಗೆ ಎ ಸ್ವರಕ್ಕೆ 440 ಹರ್ಟ್ಸ್ ಎನ್ನುವ ಪ್ಲಗಿನ್ ಲೆಕ್ಕಕ್ಕೆ ಸರಿಯಾಗಿ ಇದೆಯೇ ನೋಡಬೇಕು. ನಮ್ಮದು ಸುಮಾರು 20 ಸೆಂಟ್ (ಒಂದು ಮನೆಯಿಂದ ಪಕ್ಕದ ಮನೆಗೆ 100 ಸೆಂಟ್) ಮೇಲಿತ್ತು. ಸರಿಯಾಗಿ ಹಾಡಿದ ಸ್ವರವನ್ನೂ ಪ್ಲಗಿನ್ ಕೆಳಗೆ ಎಳೆಯುತ್ತಿತ್ತು! ಐಟಂ ಪಿಚ್‌ನಲ್ಲಿ ಮೈನಸ್ 0.2, ಅಂದರೆ 20 ಸೆಂಟ್ ಕೆಳಗೆ, ಕೊಟ್ಟು ಟ್ಯೂನ್ ಮಾಡಿ, ಆಮೇಲೆ ಅಷ್ಟೇ ಮೇಲೆ ಎತ್ತಿದೆ.

ಇಡೀ ಪದ್ಯಕ್ಕೆ ಹಾಕಲೇಬೇಡಿ. ಎಳೆದು ನಿಲ್ಲಿಸಿದ ಸ್ವರಗಳನ್ನಷ್ಟೇ ಕತ್ತರಿಸಿ ಬೇರೆ ಟ್ರ್ಯಾಕಿಗೆ ಇಳಿಸುತ್ತೇನೆ, ರೀಟ್ಯೂನ್ ಅಲ್ಲಿ ಮಾತ್ರ. ಗಮಕ, ಜಾರು ಎಲ್ಲ ಹಾಡಿದ ಹಾಗೇ. ಎರಡು ತುದಿಗೂ ಚಿಕ್ಕ ಕ್ರಾಸ್‌ಫೇಡ್, ಒಂದು ತುಂಡು ಇಳಿಯುತ್ತ ಇನ್ನೊಂದು ಏರುವ ಹಾಗೆ. ಆ ತುದಿ ಎಲ್ಲಿ ಕತ್ತರಿಸಿದರೆ ಗೊತ್ತಾಗುವುದಿಲ್ಲ ಎನ್ನುವುದನ್ನು ಮಾತ್ರ ಹೇಳುವುದಿಲ್ಲ, ಅದು ನನ್ನ ಅನ್ನ. ತೋಡಿ ರಾಗ ಬಂದರೆ ಪ್ಲಗಿನ್ ಮುಟ್ಟುವುದೇ ಇಲ್ಲ. ಆ ಗಾಂಧಾರದ ಅಲುಗಾಟ ಮುಟ್ಟಿದರೆ ಉಳಿಯುವುದೇನು? ಜೋರು, ಮೆಲ್ಲ ಸದ್ದುಗಳನ್ನು ಹತ್ತಿರ ತರುವ ಕಂಪ್ರೆಸರ್ ಯಾವಾಗಲೂ ಟ್ಯೂನ್ ಆದ ಮೇಲೆ. ಮೊದಲೇ ಹಾಕಿದರೆ ಉಸಿರು, ತಾಳದ ಸದ್ದು ಎಲ್ಲ ಮೇಲೆ ಬಂದು ಪ್ಲಗಿನ್ ತಬ್ಬಿಬ್ಬಾಗುತ್ತದೆ.

ನಡುವೆ ಒಂದು ಹುಚ್ಚು. ಊರ ದೇವಸ್ಥಾನದ ಹಜಾರದಲ್ಲಿ ಬಲೂನ್ ಒಡೆದು, ಅದರ ಗುಂಯ್ ಸದ್ದನ್ನು ರೆಕಾರ್ಡ್ ಮಾಡಿ, ಸ್ವರಕ್ಕೆ ಕೋಣೆಯ ಮಾರ್ದನಿ ಕೊಡುವ ರೀವರ್ಬ್‌ಗೆ ಹಾಕಿದೆ. ಅರ್ಚಕರಿಗೆ ಸಿಟ್ಟು ಬಂತು, ಸುಮ್ನೆ ಅಲ್ಲ, ಪೂಜೆ ಹೊತ್ತು. ಆದರೆ ಆ ಗುಂಯ್ ಚೂರೇ ಚೂರು ಸೇರಿಸಿದರೆ ಸ್ವರ ಅಡಿಕೆ ಕೋಣೆಯದ್ದು ಎಂದು ಯಾರೂ ಹೇಳುವುದಿಲ್ಲ. ಅದೇ ಹುರುಪಲ್ಲಿ ಒಂದೇ ಸ್ವರಕ್ಕೆ ಬೇರೆ ಶ್ರುತಿಯ ಪ್ರತಿಗಳನ್ನು ಸೇರಿಸುವ ಹಾರ್ಮೊನೈಸರ್ ಹಾಕಿ ಒಬ್ಬ ಭಾಗವತರನ್ನು ನಾಲ್ವರು ಮಾಡಿದ್ದೆ. ಕೇಳಲು ಮಜಾ, ಯಾರಿಗೂ ಕೊಡುವಂಥದ್ದಲ್ಲ.

ಈಗ ಪದ್ಯಕ್ಕೆ 1,500 ತಗೊಳ್ಳುತ್ತೇನೆ, ಉದ್ದ ಇದ್ದರೆ ಜಾಸ್ತಿ. ಆಟದ ದಿನ ಮೊಬೈಲಿನಲ್ಲಿ ಚಂಡೆ ಸಮೇತ ಹಿಡಿದದ್ದನ್ನು ತಂದು "ಸ್ವರ ಮಾತ್ರ ಸರಿ ಮಾಡಿಕೊಡಿ" ಅನ್ನುವವರನ್ನು ಮಾತ್ರ ಹಾಗೇ ವಾಪಸ್ ಕಳಿಸುತ್ತೇನೆ.