ಮಸಿ ಹಚ್ಚಿದ ಮೇಲೂ ಬಾಕಿ ಉಳಿದ ಮತ

ಚಾಮರಾಜನಗರ ತಾಲ್ಲೂಕಿನ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ನಾನು ಸಮಾಜ ವಿಜ್ಞಾನದ ಮೇಷ್ಟ್ರು. ರಾಜ್ಯ ಶಾಸಕಾಂಗದ ಪಾಠ ಬಂದಾಗ ಬೋರ್ಡಿನ ಮೇಲೆ ಮೂರು ಸಂಖ್ಯೆ ಬರೆಯುತ್ತೇನೆ. ವಿಧಾನಸಭೆಗೆ 224, ಸರ್ಕಾರ ಮಾಡಲು 113, ವಿಧಾನ ಪರಿಷತ್ತಿಗೆ 75. ಮಕ್ಕಳು ಬರೆದುಕೊಂಡು ಬಾಯಿಪಾಠ ಮಾಡುತ್ತಾರೆ. ನಾನೂ ಹಾಗೆಯೇ ಕಲಿತವನು. ಆ 113 ಎಂಬ ಸಂಖ್ಯೆ ಎಷ್ಟು ಕೈಗಳನ್ನು ದಾಟಿ ಬರುತ್ತದೆ ಅನ್ನುವುದು ಅರ್ಥವಾಗಿದ್ದು 2023ರ ಮೇ 10ರಂದು, ಹನೂರು ಕ್ಷೇತ್ರದ ಒಂದು ಮತಗಟ್ಟೆಯಲ್ಲಿ ಪಿಆರ್‌ಓ, ಅಂದರೆ ಮತಗಟ್ಟೆ ಅಧ್ಯಕ್ಷಾಧಿಕಾರಿಯಾಗಿ ಕೂತಾಗ.

ಆದೇಶ ಪತ್ರ ಬಂದಾಗ ಸ್ಟಾಫ್ ರೂಮಿನಲ್ಲಿ ಎಂದಿನ ಗೋಳು. ಒಬ್ಬರಿಗೆ ಬಿ.ಪಿ., ಇನ್ನೊಬ್ಬರ ಮನೆಯಲ್ಲಿ ಮದುವೆ. ನನ್ನ ಹತ್ತಿರ ಯಾವ ನೆಪವೂ ಇರಲಿಲ್ಲ. ಪತ್ರಕ್ಕೆ ಸಹಿ ಜಿಲ್ಲಾಧಿಕಾರಿಯವರದು. ಆದರೆ ಅವರು ಅಲ್ಲಿ ಸಹಿ ಹಾಕಿದ್ದು ಜಿಲ್ಲಾ ಚುನಾವಣಾಧಿಕಾರಿಯಾಗಿ. ನಮಗೆ ಸಂಬಳ ಕೊಡುವುದು ರಾಜ್ಯ ಸರ್ಕಾರವೇ ಆದರೂ ಅಧಿಸೂಚನೆ ಹೊರಟ ದಿನದಿಂದ ಫಲಿತಾಂಶ ಘೋಷಣೆಯಾಗುವವರೆಗೆ ನಾವು ಭಾರತ ಚುನಾವಣಾ ಆಯೋಗದ ನಿಯೋಜನೆಯಲ್ಲಿರುತ್ತೇವೆ. ಪ್ರಜಾಪ್ರತಿನಿಧಿ ಕಾಯ್ದೆಯ 28ಎ ಕಲಂ ಅದನ್ನೇ ಹೇಳುತ್ತದೆ. ಗ್ರಾಮ ಪಂಚಾಯಿತಿ ಚುನಾವಣೆ ಬಂದರೆ ಇದೇ ನಾವು, ಇದೇ ಶಾಲೆ, ಇದೇ ಬೆಂಚು, ಆದರೆ ಯಜಮಾನ ಬೇರೆ. ಅದು ರಾಜ್ಯ ಚುನಾವಣಾ ಆಯೋಗದ ಕೆಲಸ. ಒಕ್ಕೂಟ ವ್ಯವಸ್ಥೆ ಎಂದರೇನು ಎಂದು ಮಕ್ಕಳು ಕೇಳಿದರೆ ಈಗ ಈ ಆದೇಶ ಪತ್ರವನ್ನೇ ತೋರಿಸುತ್ತೇನೆ.

ಡ್ಯೂಟಿಯನ್ನು ಸ್ವಂತ ಕ್ಷೇತ್ರದಲ್ಲಿ ಹಾಕುವುದಿಲ್ಲ. ಯಾವ ಕ್ಷೇತ್ರ, ಯಾರ ಜೊತೆ, ಯಾವ ಬೂತು ಎಲ್ಲವನ್ನೂ ಕಂಪ್ಯೂಟರ್ ಹಂತಹಂತವಾಗಿ ಕಲಸುತ್ತದೆ. ನನ್ನ ಮತವನ್ನು ತರಬೇತಿ ಕೇಂದ್ರದಲ್ಲೇ ಅಂಚೆ ಮತಪತ್ರದಲ್ಲಿ ಹಾಕಿದೆ. ತರಬೇತಿಯ ಬಗ್ಗೆ ಹೆಚ್ಚು ಹೇಳುವುದಿಲ್ಲ. ದೊಡ್ಡ ಸಭಾಂಗಣ, ಕೇಳಿಸದ ಮೈಕು, ಮುಂದಿನ ಸಾಲಿನವರಿಗೆ ಮಾತ್ರ ಕಾಣುವ ಯಂತ್ರ. ಅಲ್ಲಿ ಒಂದು ಮಾತು ಮಾತ್ರ ತಲೆಗೆ ಹತ್ತಿತು: ಸಿಆರ್‌ಸಿ, ಅಂದರೆ ಕ್ಲೋಸ್, ರಿಸಲ್ಟ್, ಕ್ಲಿಯರ್. ಅಣಕು ಮತದಾನ ಮುಗಿದ ಮೇಲೆ ಈ ಮೂರು ಗುಂಡಿಗಳನ್ನು ಇದೇ ಕ್ರಮದಲ್ಲಿ ಒತ್ತಬೇಕು. ಇದನ್ನು ಮರೆತರೆ ಅಣಕು ಮತಗಳ ಮೇಲೆಯೇ ಅಸಲಿ ಮತಗಳು ಕೂಡುತ್ತಾ ಹೋಗುತ್ತವೆ.

ಮೇ 9ರ ಬೆಳಿಗ್ಗೆ ಮಸ್ಟರಿಂಗ್, ಅಂದರೆ ಸಿಬ್ಬಂದಿಯೆಲ್ಲ ಒಂದೆಡೆ ಸೇರಿ ಯಂತ್ರ, ಸಾಮಗ್ರಿ ಪಡೆಯುವುದು. ಅಧಿಕಾರಿಯ ಮೇಜಿನ ಮೇಲಿರುವ ಕಂಟ್ರೋಲ್ ಯೂನಿಟ್, ಮತದಾರ ಒತ್ತುವ ಬ್ಯಾಲೆಟ್ ಯೂನಿಟ್, ಮತದ ಚೀಟಿ ಮುದ್ರಿಸಿ ತೋರಿಸುವ ವಿವಿಪ್ಯಾಟ್‌ಗಳ ನಂಬರನ್ನು ಪಟ್ಟಿಯ ಜೊತೆ ತಾಳೆ ನೋಡಿಕೊಂಡೆವು. ಲಕೋಟೆಗಳಂತೂ ಎಷ್ಟು ಬಗೆ! ಶಾಯಿ ಬಾಟಲಿಯನ್ನು ಎಪಿಆರ್‌ಓ, ಅಂದರೆ ಸಹಾಯಕ ಅಧ್ಯಕ್ಷಾಧಿಕಾರಿ ಮೇಡಂ ಸೆರಗಿನಲ್ಲಿ ಸುತ್ತಿ ಕೈಯಲ್ಲೇ ಹಿಡಿದುಕೊಂಡರು, ಚೆಲ್ಲಿದರೆ ಕಥೆ ಮುಗಿಯಿತು. ಅದು ನಮ್ಮ ಮೈಸೂರಿನ ಶಾಯಿ. ನಾಲ್ವಡಿ ಕೃಷ್ಣರಾಜ ಒಡೆಯರ್ 1937ರಲ್ಲಿ ಶುರು ಮಾಡಿದ ಅರಗು ಮತ್ತು ಬಣ್ಣದ ಕಾರ್ಖಾನೆ ಈಗ ಮೈಸೂರ್ ಪೇಂಟ್ಸ್ ಆ್ಯಂಡ್ ವಾರ್ನಿಷ್. 1962ರ ಚುನಾವಣೆಯಿಂದ ದೇಶದ ಬೆರಳುಗಳಿಗೆಲ್ಲ ಅಲ್ಲಿಂದಲೇ ಹೋಗುತ್ತಿದೆ. ಅದರಲ್ಲಿರುವ ಸಿಲ್ವರ್ ನೈಟ್ರೇಟ್ ಚರ್ಮಕ್ಕೆ ಹಿಡಿದು ಬೆಳಕಿಗೆ ಕಪ್ಪಾಗುತ್ತದೆ. ಆಮೇಲೆ ಸೋಪು, ಸೀಗೆಕಾಯಿ ಯಾವುದಕ್ಕೂ ಬಗ್ಗುವುದಿಲ್ಲ.

ರಾತ್ರಿ ಶಾಲೆಯಲ್ಲೇ ಮಲಗಿದೆವು. ಬಿಸಿಯೂಟದ ಅಮ್ಮಂದಿರು ಅನ್ನ, ಹುರುಳಿಕಾಳು ಸಾರು ಮಾಡಿ ಬಡಿಸಿದರು. ಊರಿನ ಒಬ್ಬ ಹಿರಿಯರು ಮನೆಗೆ ಊಟಕ್ಕೆ ಕರೆದರು. ಪಾಪ, ಪ್ರೀತಿಯಿಂದಲೇ ಕರೆದದ್ದು. ಆದರೆ ಯಾರ ಮನೆಯ ತುತ್ತೂ ತಿನ್ನುವಂತಿಲ್ಲ. ಮಲಗಿದರೂ ನಿದ್ದೆ ಬರಲಿಲ್ಲ. ಕತ್ತಲಲ್ಲಿ ಸಿಆರ್‌ಸಿ, ಸಿಆರ್‌ಸಿ ಅಂತ ಜಪ ಮಾಡುತ್ತಿದ್ದೆ.

ಮತದಾನ ಏಳಕ್ಕೆ ಶುರು. ಅಣಕು ಮತದಾನ ಅದಕ್ಕೂ ತೊಂಬತ್ತು ನಿಮಿಷ ಮುಂಚೆ, ಅಂದರೆ ಐದೂವರೆಗೆ. ಪಕ್ಷಗಳ ಏಜೆಂಟರು ಕಣ್ಣುಜ್ಜಿಕೊಂಡು ಬಂದರು. ಕನಿಷ್ಠ 50 ಮತ ಹಾಕಬೇಕು, ನೋಟಾ ಸೇರಿ ಪ್ರತಿಯೊಬ್ಬರಿಗೂ ಮತ ಬೀಳಬೇಕು. ಯಂತ್ರ ತೋರಿಸಿದ ಲೆಕ್ಕವನ್ನೂ ವಿವಿಪ್ಯಾಟ್ ಚೀಟಿಗಳನ್ನೂ ಏಜೆಂಟರ ಮುಂದೆಯೇ ತಾಳೆ ಮಾಡಿದೆವು. ಆಮೇಲೆ ಕ್ಲಿಯರ್ ಒತ್ತಿದೆ. ಸೊನ್ನೆ ಬಂತು. ನಂಬಿಕೆ ಸಾಲದೆ ಟೋಟಲ್ ಗುಂಡಿ ಒತ್ತಿ ಮತ್ತೊಮ್ಮೆ ಸೊನ್ನೆ ನೋಡಿದೆ. ‘ಸಾ, ಸಾಕು ಬುಡಿ, ಅದ್ಕೂ ನಿದ್ದೆಗಣ್ಣು’ ಅಂದ ಒಬ್ಬ ಏಜೆಂಟ್. ಅಣಕು ಚೀಟಿಗಳನ್ನು ವಿವಿಪ್ಯಾಟ್ ಪೆಟ್ಟಿಗೆಯಿಂದ ತೆಗೆದು, ಹಿಂಬದಿಗೆ ಮುದ್ರೆ ಒತ್ತಿ, ಕಪ್ಪು ಲಕೋಟೆಗೆ ಹಾಕಿ ಸೀಲ್ ಮಾಡಿದೆವು. ಕಂಟ್ರೋಲ್ ಯೂನಿಟ್ಟಿನ ರಿಸಲ್ಟ್ ಗುಂಡಿಗಳ ಮೇಲೆ ಹಸಿರು ಪೇಪರ್ ಸೀಲ್ ಬಿತ್ತು. ಅದರ ನಂಬರನ್ನು ಏಜೆಂಟರೂ ಬರೆದುಕೊಂಡು ಸಹಿ ಹಾಕಿದರು.

ಬೆಳಿಗ್ಗೆ ಏನೂ ತೊಂದರೆಯಾಗಲಿಲ್ಲ. ಎಪಿಆರ್‌ಓ ಮತದಾರರ ಪಟ್ಟಿಯಲ್ಲಿ ಹೆಸರು ಹುಡುಕಿ ಗಟ್ಟಿಯಾಗಿ ಓದುತ್ತಾರೆ. ಎರಡನೆಯವರು 17ಎ ಎಂಬ ಮತದಾರರ ರಿಜಿಸ್ಟರಿನಲ್ಲಿ ಕ್ರಮಸಂಖ್ಯೆ ಬರೆದು, ಸಹಿಯೋ ಹೆಬ್ಬೆಟ್ಟೋ ಪಡೆದು, ಎಡಗೈ ತೋರುಬೆರಳಿಗೆ ಶಾಯಿ ಹಚ್ಚಿ ಆ ಸಂಖ್ಯೆಯ ಒಂದು ಚೀಟಿ ಕೊಡುತ್ತಾರೆ. ಮೂರನೆಯವರು ಆ ಚೀಟಿ ಇಸಿದುಕೊಂಡು ಕಂಟ್ರೋಲ್ ಯೂನಿಟ್ಟಿನ ಬ್ಯಾಲೆಟ್ ಗುಂಡಿ ಒತ್ತುತ್ತಾರೆ. ಮತದಾರ ಮರೆಗೆ ಹೋಗಿ ಒತ್ತಿದರೆ ವಿವಿಪ್ಯಾಟ್ ಗಾಜಿನ ಹಿಂದೆ ಏಳು ಸೆಕೆಂಡು ಚೀಟಿ ಕಾಣಿಸಿ ಬೀಳುತ್ತದೆ, ಬೀಪ್ ಸದ್ದು ಬರುತ್ತದೆ. ಆ ಸದ್ದು ಬಂದರೆ ಒಂದು ಮತ. ಎರಡೆರಡು ಗಂಟೆಗೆ ಎಷ್ಟಾಯಿತೆಂದು ಸೆಕ್ಟರ್ ಆಫೀಸರ್‌ಗೆ ಹೇಳಬೇಕು.

ಮೂರು ಗಂಟೆಯ ವರದಿಗೆ ಟೋಟಲ್ ಒತ್ತಿದೆ. 544. ರಿಜಿಸ್ಟರಿನ ಕೊನೆಯ ಕ್ರಮಸಂಖ್ಯೆ 548. ಮರೆಯೊಳಗೆ ಒಬ್ಬರು, ಚೀಟಿ ಹಿಡಿದು ಮೂರನೇ ಮೇಜಿನ ಮುಂದೆ ಇಬ್ಬರು. ಸೇರಿಸಿದರೆ 547. ಒಂದು ಎಲ್ಲಿ?

ಆಗ ಹೊಟ್ಟೆಯಲ್ಲಿ ಆದದ್ದನ್ನು ಹೇಗೆ ಹೇಳಲಿ! ಎರಡು ನಿಮಿಷ ಸಾಲು ನಿಲ್ಲಿಸಿದೆ. ಮೂರನೆಯವರ ಬಳಿ ಸೇರಿದ್ದ ಚೀಟಿಗಳನ್ನು ಎಣಿಸಿದರೆ 545. ಮರೆಯೊಳಗಿದ್ದವರದ್ದೂ ಸೇರಿ ಸರಿಯಾಗೇ ಇತ್ತು. ಅಂದರೆ ಯಂತ್ರದ್ದು ತಪ್ಪಿಲ್ಲ. ಯಾರೋ ಶಾಯಿ ಹಚ್ಚಿಸಿಕೊಂಡು, ಚೀಟಿಯ ಸಮೇತ ಹೊರಗೆ ಹೋಗಿದ್ದಾರೆ.

ಚೀಟಿಗಳ ಸಂಖ್ಯೆ ಜೋಡಿಸಿ ನೋಡಿದಾಗ ನಡುವೆ ಒಂದು ಇರಲಿಲ್ಲ. ರಿಜಿಸ್ಟರಿನಲ್ಲಿ ಆ ಸಂಖ್ಯೆಯ ಎದುರು ಒಂದು ಹೆಬ್ಬೆಟ್ಟು. ಹೆಸರು ಓದಿದ್ದೇ ತಡ ಏಜೆಂಟನೊಬ್ಬ ನಕ್ಕುಬಿಟ್ಟ. ‘ಅಜ್ಜಿ ಅಲ್ಲೇ ಅವ್ಳೆ ಸಾ, ಹುಣಸೆ ಮರದ ಕೆಳಗೆ.’ ಆಕೆ ಶಾಲೆಯ ಕಾಂಪೌಂಡಿನಲ್ಲೇ ಸೊಸೆಯ ದಾರಿ ಕಾಯುತ್ತಾ ಕೂತಿದ್ದರು.

‘ಯಾಕಜ್ಜಿ, ಓಟು ಹಾಕದೇ ಹೊರಟುಬಿಟ್ರಿ?’

‘ಮಸಿ ಹಚ್ಚುದ್ರಲ್ಲಪ್ಪಾ. ಹಚ್ಚುದ್ಮೇಲೆ ಓಟಾಯ್ತು ಅನ್ಕಂಡೆ.’

ಎಲೆ-ಅಡಿಕೆ ಚೀಲ ಬಿಚ್ಚಿ ಚೀಟಿ ತೆಗೆದರು. ಸುಣ್ಣ ಮೆತ್ತಿತ್ತು. ರಿಜಿಸ್ಟರಿನ ಕ್ರಮದಲ್ಲೇ ಮತ ಹಾಕಿಸಬೇಕೆಂಬುದು ನಿಯಮ. ಅನಿವಾರ್ಯವಾಗಿ ಕ್ರಮ ತಪ್ಪಿದರೆ ಷರಾ ಕಾಲಮ್ಮಿನಲ್ಲಿ ಬರೆಯಬೇಕೆಂದು ಕೈಪಿಡಿ ಹೇಳುತ್ತದೆ. ಏಜೆಂಟರನ್ನು ಕೇಳಿದೆ. ಬೆಳಿಗ್ಗೆಯಿಂದ ಒಬ್ಬರ ಮುಖ ಒಬ್ಬರು ನೋಡದವರು ಮೂವರೂ ಒಟ್ಟಿಗೆ ‘ಹಾಕ್ಲಿ ಬುಡಿ ಸಾ’ ಅಂದರು. ಷರಾ ಬರೆದೆ. ಅಜ್ಜಿ ಮರೆಯೊಳಗೆ ಹೋದರು. ಆ ಬೀಪ್ ಸದ್ದಿಗೆ ಕಾದಷ್ಟು ನಾನು ನನ್ನ ಎಸ್ಸೆಸ್ಸೆಲ್ಸಿ ಫಲಿತಾಂಶಕ್ಕೂ ಕಾದಿರಲಿಲ್ಲ.

ಒಂದು ಮತಕ್ಕೆ ಇಷ್ಟೊಂದು ಪರದಾಟ ಬೇಕಿತ್ತೇ ಎಂದು ಪಿಓ, ಅಂದರೆ ಮತಗಟ್ಟೆ ಅಧಿಕಾರಿ ಒಬ್ಬರು ಗೊಣಗಿದರು. ಆಕೆ ಸಿಗದಿದ್ದರೂ ಆಕಾಶವೇನೂ ಬೀಳುತ್ತಿರಲಿಲ್ಲ. ಬಿದ್ದ ಮತಗಳ ಲೆಕ್ಕ ಬರೆಯುವ 17ಸಿ ನಮೂನೆಯಲ್ಲಿ ರಿಜಿಸ್ಟರಿಗೂ ಯಂತ್ರಕ್ಕೂ ವ್ಯತ್ಯಾಸವಿದೆಯೇ ಎಂದು ಕೇಳುವ ಸಾಲೇ ಇದೆ, ಅಲ್ಲಿ ಬರೆದಿದ್ದರೆ ಆಗುತ್ತಿತ್ತು. ಆದರೆ ನಾನು ಸಂತೇಮರಹಳ್ಳಿ ಕಡೆಯವನು. 2004ರ ವಿಧಾನಸಭಾ ಚುನಾವಣೆಯಲ್ಲಿ ಅಲ್ಲಿ ಆರ್. ಧ್ರುವನಾರಾಯಣ ಅವರಿಗೆ 40,752, ಎ.ಆರ್. ಕೃಷ್ಣಮೂರ್ತಿ ಅವರಿಗೆ 40,751 ಮತ ಬಿದ್ದವು. ಅಂತರ ಒಂದು. ನಮ್ಮ ಕಡೆ ಮದುವೆ ಮನೆ, ಟೀ ಅಂಗಡಿ ಎಲ್ಲೆಂದರಲ್ಲಿ ಆ ವರ್ಷವೆಲ್ಲ ಅದೇ ಮಾತು. ಆ ದಿನ ಮತ ಹಾಕಲು ಹೋಗದವರೆಲ್ಲ ತಾವೇ ಸೋಲಿಸಿದ್ದು ಅಂತ ಹೇಳಿಕೊಂಡು ಓಡಾಡಿದರು, ಕೆಲವರು ಬೇಸರದಿಂದ, ಕೆಲವರು ಜಂಬದಿಂದ. 2008ರ ಕ್ಷೇತ್ರ ಮರುವಿಂಗಡಣೆಯಲ್ಲಿ ಆ ಕ್ಷೇತ್ರವೇ ಇಲ್ಲವಾಯಿತು.

ಸಂಜೆ ಆರಕ್ಕೆ ಸಾಲಿನಲ್ಲಿ ನಿಂತಿದ್ದವರಿಗೆ ಬಾಲದ ಕಡೆಯಿಂದ ಚೀಟಿ ಹಂಚಿದೆವು. ಹಿಂದಿನಿಂದ ಶುರು ಮಾಡಿದರೆ ತಡವಾಗಿ ಬಂದವರು ನುಸುಳಲಾರರು. ಕೊನೆಯವರು ಹಾಕಿದ ಮೇಲೆ ಕ್ಲೋಸ್ ಒತ್ತಿದೆ. ಯಂತ್ರದಲ್ಲಿ 731, ರಿಜಿಸ್ಟರಿನಲ್ಲಿ 731. ಆ ಸಂಖ್ಯೆಯನ್ನು 17ಸಿಯಲ್ಲಿ ತುಂಬಿ ಎಲ್ಲ ಏಜೆಂಟರಿಗೂ ಪ್ರತಿ ಕೊಟ್ಟೆ. ಎಣಿಕೆಯ ದಿನ ಯಂತ್ರದ ಮೊತ್ತವನ್ನು ಮೊದಲು ತಾಳೆ ನೋಡುವುದು ಈ ಹಾಳೆಯ ಜೊತೆಗೇ. ಅದು ಸರಿಯಿದ್ದರೆ ನನ್ನ ಹೆಸರನ್ನು ಯಾರೂ ನೆನೆಯುವುದಿಲ್ಲ. ಹಾಗೆ ನೆನೆಯದಿರಲಿ ಎಂಬುದೇ ಪ್ರತಿ ಪಿಆರ್‌ಓನ ಹರಕೆ. ಡಿ-ಮಸ್ಟರಿಂಗ್ ಕೇಂದ್ರದಲ್ಲಿ ಎಲ್ಲವನ್ನೂ ಒಪ್ಪಿಸಿ ರಸೀದಿ ಪಡೆಯುವಾಗ ಮಧ್ಯರಾತ್ರಿ ದಾಟಿತ್ತು. ಮತಗಟ್ಟೆಯಲ್ಲಿ ನಾವು ಸಾಲಿನಲ್ಲಿ ನಿಲ್ಲಿಸಿದವರ ಶಾಪವೆಲ್ಲ ಆ ಕೌಂಟರಿನ ಸಾಲಿನಲ್ಲಿ ನಮಗೇ ತಟ್ಟಿತು.

ಮೇ 13ರಂದು ಟಿವಿ ಮುಂದೆ ಕೂತೆ. ಕಾಂಗ್ರೆಸ್ 135, ಬಿಜೆಪಿ 66, ಜೆಡಿಎಸ್ 19, ಇತರರು ನಾಲ್ವರು. ಎಲ್ಲರೂ 113ರ ಗೆರೆ ನೋಡುತ್ತಿದ್ದರು. ನಮ್ಮ ಪಕ್ಕದ ಕೊಳ್ಳೇಗಾಲದಲ್ಲಿ ಅದೇ ಎ.ಆರ್. ಕೃಷ್ಣಮೂರ್ತಿ ಈ ಸಲ 50,000ಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದರು. ಅಂದು ಒಂದು ಮತದಿಂದ ಗೆದ್ದಿದ್ದ ಧ್ರುವನಾರಾಯಣ ಇದನ್ನು ನೋಡಲು ಇರಲಿಲ್ಲ, ಮಾರ್ಚಿನಲ್ಲಿ ತೀರಿಕೊಂಡಿದ್ದರು. ರಾತ್ರಿ ತಡವಾಗಿ ಬೆಂಗಳೂರಿನ ಜಯನಗರದ ಸುದ್ದಿ ಬಂತು. ಅಂತರ 16. ನಮ್ಮ ಬೂತಿನಲ್ಲಿ ಅರ್ಧ ಗಂಟೆಯೊಳಗೆ ಅಷ್ಟು ಜನ ಬಂದು ಹೋಗುತ್ತಿದ್ದರು.

ಮರುವರ್ಷ ಜೂನ್ 3ಕ್ಕೆ ವಿಧಾನ ಪರಿಷತ್ತಿನ ದಕ್ಷಿಣ ಶಿಕ್ಷಕರ ಕ್ಷೇತ್ರದ ಚುನಾವಣೆ. ಪರಿಷತ್ತಿನ 75ರಲ್ಲಿ 25 ಮಂದಿಯನ್ನು ಶಾಸಕರು, 25 ಮಂದಿಯನ್ನು ಸ್ಥಳೀಯ ಸಂಸ್ಥೆಯವರು ಆರಿಸುತ್ತಾರೆ. ಪದವೀಧರರಿಗೆ ಏಳು, ನಮ್ಮಂಥ ಶಿಕ್ಷಕರಿಗೆ ಏಳು, ನಾಮಕರಣಕ್ಕೆ ಹನ್ನೊಂದು. ಪ್ರೌಢಶಾಲೆ ಮತ್ತು ಅದಕ್ಕಿಂತ ಮೇಲಿನವರಿಗಷ್ಟೇ ಈ ಮತ. ಪ್ರಾಥಮಿಕ ಶಾಲೆಯ ಮೇಷ್ಟ್ರಿಗಿಲ್ಲ, ಅದು ಯಾಕೆಂದು ನನಗೆ ಇವತ್ತಿಗೂ ಒಪ್ಪಿಗೆಯಾಗಿಲ್ಲ. ಇಲ್ಲಿ ಯಂತ್ರವಿಲ್ಲ, ಮತಪತ್ರ. ಅಭ್ಯರ್ಥಿಗಳ ಎದುರು ಪ್ರಾಶಸ್ತ್ಯದ ಕ್ರಮದಲ್ಲಿ 1, 2, 3 ಎಂದು ಬರೆಯಬೇಕು, ಅದೂ ಅವರೇ ಕೊಡುವ ನೇರಳೆ ಸ್ಕೆಚ್ ಪೆನ್ನಿನಲ್ಲಿ. ಮೊದಲ ಪ್ರಾಶಸ್ತ್ಯದಲ್ಲಿ ಯಾರಿಗೂ ಅರ್ಧಕ್ಕಿಂತ ಹೆಚ್ಚು ಸಿಗದಿದ್ದರೆ ಕೊನೆಯವರನ್ನು ಕೈಬಿಟ್ಟು ಅವರ ಮತಪತ್ರಗಳ ಎರಡನೇ ಪ್ರಾಶಸ್ತ್ಯವನ್ನು ಹಂಚುತ್ತಾರೆ.

ಈ ಸಲ ನಾನು ಬರೀ ಮತದಾರ. ನನ್ನ ಮುಂದೆ ಒಳಗೆ ಹೋಗಿದ್ದವರು ಮೂವತ್ತು ವರ್ಷ ಸರ್ವಿಸ್ ಆದ, ಹತ್ತಾರು ಚುನಾವಣೆಗಳಲ್ಲಿ ಪಿಆರ್‌ಓ ಆದ ಗಣಿತದ ಮೇಷ್ಟ್ರು. ಹೊರಗೆ ಬಂದಾಗ ಮುಖ ಸಪ್ಪಗಿತ್ತು.

‘ಏನಾಯ್ತು ಸಾರ್?’

‘ಉತ್ತರ ಪತ್ರಿಕೆ ತಿದ್ದಿ ತಿದ್ದಿ ಕೈ ಕೆಟ್ಟು ಹೋಗಿದೆ ಮಾರಾಯ. ಅಂಕಿ ಬರೆಯೋ ಬದ್ಲು ಟಿಕ್ ಹಾಕ್ಬಿಟ್ಟೆ.’