ಅಮೀನ್ ಬೂಹಾಫಾ ಅವರ ಸಿನಿಮಾಗಳಿಂದ ಹಿನ್ನೆಲೆ ಸಂಗೀತ ಕಲಿಯುವುದು ಹೇಗೆ

ಕಾಸರಗೋಡು ಜಿಲ್ಲೆಯ ಬದಿಯಡ್ಕ, ಪೆರ್ಲ, ನೀರ್ಚಾಲು ಕಡೆ ಈಗ ಕಿರುಚಿತ್ರ ಮಾಡುವ ಮಕ್ಕಳು ತುಂಬಾ ಇದ್ದಾರೆ. ಕ್ಯಾಮೆರಾ ಕೆಲಸ ಚೆನ್ನಾಗಿಯೇ ಇರುತ್ತದೆ. ಆದರೆ ಟೈಟಲಿನಿಂದ ಕೊನೆಯವರೆಗೂ ಕೀಬೋರ್ಡ್ ನಿಲ್ಲುವುದೇ ಇಲ್ಲ. ಇಂಥ ಚಿತ್ರಗಳಿಗೆ ರೀರೆಕಾರ್ಡಿಂಗ್, ಅಂದರೆ ಹಿನ್ನೆಲೆ ಸಂಗೀತ, ಮಾಡಿಕೊಡುವುದು ನನ್ನ ಕೆಲಸ. ಕಲಿಯಬೇಕು ಅಂತ ಬರುವವರಿಗೆ ನಾನು ಮೊದಲು ಹೇಳುವ ಹೆಸರು ಅಮೀನ್ ಬೂಹಾಫಾ.

ಸಿನಿಮಾ ಸಂಗೀತ ಸಂಯೋಜಕರು, ಟ್ಯುನೀಶಿಯಾದವರು, 1986ರಲ್ಲಿ ಹುಟ್ಟಿದವರು. ಅಬ್ದೆರ್ರಹಮಾನ್ ಸಿಸ್ಸಾಕೊ ನಿರ್ದೇಶಿಸಿದ 'ಟಿಂಬಕ್ಟು' (2014) ಅವರನ್ನು ಜಗತ್ತಿಗೆ ಪರಿಚಯಿಸಿತು. 2015ರಲ್ಲಿ ಆ ಚಿತ್ರಕ್ಕೆ ಫ್ರಾನ್ಸಿನ 7 ಸೆಸಾರ್ ಪ್ರಶಸ್ತಿಗಳು ಬಂದವು. ಒಂದು ಅದರ ಸಂಗೀತಕ್ಕೆ. ಶುರು ಮಾಡಲು ಇಷ್ಟು ಗೊತ್ತಿದ್ದರೆ ಸಾಕು.

'ಟಿಂಬಕ್ಟು'ವನ್ನು ಮೊದಲ ಸಲ ಸುಮ್ನೆ ನೋಡಿ. ಎರಡನೇ ಸಲ ಪುಸ್ತಕ, ಪೆನ್ನು ಇಟ್ಟುಕೊಳ್ಳಿ. ಸಂಗೀತ ಎಷ್ಟು ಹೊತ್ತಿಗೆ ಶುರುವಾಯಿತು, ಎಷ್ಟು ಹೊತ್ತಿಗೆ ನಿಂತಿತು, ಆಗ ಪರದೆಯ ಮೇಲೆ ಏನಿತ್ತು, ಇಷ್ಟನ್ನೇ ಬರೆಯಿರಿ. ಯಾವ ವಾದ್ಯ, ಯಾವ ರಾಗದ ಛಾಯೆ ಎಂಬುದೆಲ್ಲ ಆಮೇಲೆ. ಹೆಡ್‌ಫೋನ್ ಬೇಕೇ ಬೇಕು. ತಗ್ಗು ಸ್ಥಾಯಿಯ ತಂತಿವಾದ್ಯ ಮೊಬೈಲ್ ಸ್ಪೀಕರಿನಲ್ಲಿ ಸರಿಯಾಗಿ ಕೇಳಿಸುವುದಿಲ್ಲ.

ಫುಟ್‌ಬಾಲ್ ದೃಶ್ಯಕ್ಕೆ ಬಂದಾಗ ನಿಲ್ಲಿಸಿ, ಮತ್ತೆ ಮತ್ತೆ ನೋಡಿ. ಊರನ್ನು ಹಿಡಿದಿರುವ ಬಂದೂಕುಧಾರಿಗಳು ಆಟವನ್ನೂ ಸಂಗೀತವನ್ನೂ ನಿಷೇಧಿಸಿದ್ದಾರೆ. ಹುಡುಗರು ಚೆಂಡೇ ಇಲ್ಲದೆ ಆಡುತ್ತಾರೆ. ಪಾಸ್ ಕೊಡುತ್ತಾರೆ, ಗೋಲ್ ಹೊಡೆಯುತ್ತಾರೆ, ಕುಣಿಯುತ್ತಾರೆ. ಕಾವಲಿನವರು ಬೈಕಿನಲ್ಲಿ ಬಂದರೆ ವ್ಯಾಯಾಮ ಮಾಡುವವರಂತೆ ಕೈಕಾಲು ಆಡಿಸುತ್ತಾರೆ. ಮಾತಿಲ್ಲ. ಇಲ್ಲಿ ಸಂಗೀತ ದೊಡ್ಡದಾಗಿ ಎದ್ದು ನಿಲ್ಲುತ್ತದೆ. ಕಾಣದ ಚೆಂಡನ್ನು ನಾವು ನಂಬುವುದು ಅದರ ಬಲದಿಂದಲೂ ಹೌದು. ಈಗ ಆವಾಜ್ ಪೂರ್ತಿ ಬಂದ್ ಮಾಡಿ ಅದೇ ದೃಶ್ಯ ನೋಡಿ. ಏನು ಕಡಿಮೆಯಾಯಿತು ಎಂದು ಒಂದೇ ವಾಕ್ಯದಲ್ಲಿ ಬರೆಯಿರಿ. ನಾನು ಇಲ್ಲಿಯವರೆಗೆ ಕೊಟ್ಟ ಅಭ್ಯಾಸಗಳಲ್ಲಿ ಇದಕ್ಕಿಂತ ಒಳ್ಳೆಯದು ಇಲ್ಲ.

ಎಲ್ಲಿ ನುಡಿಸಬೇಕು, ಎಲ್ಲಿ ಸುಮ್ಮನಿರಬೇಕು ಎಂಬ ಈ ಲೆಕ್ಕಾಚಾರ ಕುಂಬಳೆ ಸೀಮೆಯವರಿಗೆ ಕಷ್ಟವಾಗಬಾರದು, ಮಾರಾಯ್ರೆ. ತೆಂಕುತಿಟ್ಟಿನ ಯಕ್ಷಗಾನ ಆಟದಲ್ಲಿ ಅರ್ಥ, ಅಂದರೆ ವೇಷದವರ ಮಾತು, ನಡೆಯುವಾಗ ಚೆಂಡೆಯವರು ಕೋಲು ಹಿಡಿದು ಕಾಯುತ್ತಾರಲ್ವಾ, ಕೀಬೋರ್ಡಿನ ಮುಂದೆಯೂ ಹಾಗೆಯೇ ಕೂರಬೇಕು.

ಆಮೇಲೆ ಹಾಡು. ಚಿತ್ರದ 'ಟಿಂಬಕ್ಟು ಫಾಸ್ಸೊ' ಹಾಡನ್ನು ಬೂಹಾಫಾ ಮಾಡಿದ್ದು ಮಾಲಿಯ ಗಾಯಕಿ ಫಾತುಮಾತಾ ದಿಯಾವಾರಾ ಜೊತೆ. ಹಾಡಿದ್ದಕ್ಕೆ ಛಡಿಯೇಟು ತಿನ್ನುವ ಹೆಣ್ಣಿನ ಪಾತ್ರದಲ್ಲಿ ಅವರೇ ಇದ್ದಾರೆ. ಕಥೆ ಮಾಲಿಯದು, ಕಂಠವೂ ಮಾಲಿಯದು. ಹಾಗಾಗಿ ಇದನ್ನು ಕೇಳಿ ಮರುದಿನವೇ ಊದ್ ಎಂಬ ಅರಬ್ ತಂತಿವಾದ್ಯದ ಸ್ಯಾಂಪಲ್ ಡೌನ್‌ಲೋಡ್ ಮಾಡಬೇಡಿ. ನಿಮ್ಮ ಮನೆಯಲ್ಲಿ ಶೋಭಾನೆ ಹೇಳುವ ಅತ್ತೆ ಇದ್ದರೆ, ಫ್ಯಾನ್ ಆಫ್ ಮಾಡಿ, ಅವರ ಶ್ರುತಿಯಲ್ಲೇ ಒಂದು ಸಾಲು ರೆಕಾರ್ಡ್ ಮಾಡಿ. ನಿಮ್ಮ ಕೀಬೋರ್ಡಿನ ಶ್ರುತಿಗೆ ಅವರನ್ನು ಎಳೆಯಬೇಡಿ. ಕೀಬೋರ್ಡೇ ಅವರ ಹಿಂದೆ ಹೋಗಲಿ.

ಮುಂದೆ ನಿರ್ದೇಶಕಿ ಕೌಥರ್ ಬೆನ್ ಹನಿಯಾ ಅವರ ಚಿತ್ರಗಳನ್ನು ಸಾಲಾಗಿ ನೋಡಿ. ಅವರೂ ಟ್ಯುನೀಶಿಯಾದವರೇ. 'ಬ್ಯೂಟಿ ಆ್ಯಂಡ್ ದಿ ಡಾಗ್ಸ್' (2017), 'ದಿ ಮ್ಯಾನ್ ಹೂ ಸೋಲ್ಡ್ ಹಿಸ್ ಸ್ಕಿನ್' (2020), 'ಫೋರ್ ಡಾಟರ್ಸ್' (2023), ಮೂರಕ್ಕೂ ಸಂಗೀತ ಬೂಹಾಫಾ ಅವರದು. ಮೊದಲನೆಯದು ಕಟ್ ಇಲ್ಲದ ಒಂಬತ್ತು ಉದ್ದುದ್ದ ಶಾಟ್‌ಗಳಲ್ಲಿದೆ. ಕಟ್ ಇದ್ದರೆ ಅದರ ಮರೆಯಲ್ಲಿ ಸಂಗೀತ ಶುರು ಮಾಡಬಹುದು. ಇಲ್ಲಿ ಆ ಅನುಕೂಲ ಇಲ್ಲ. ಸಂಗೀತ ಎಲ್ಲಿ ಬಂತು, ಎಲ್ಲಿ ಬರಲೇ ಇಲ್ಲ ಎಂದು ಗುರುತು ಹಾಕಿ. ಒಬ್ಬ ನಿರ್ದೇಶಕರ ಜೊತೆ ಹೀಗೆ ವರ್ಷಗಟ್ಟಲೆ ಇರುವುದು ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ. ನೀವೂ ಹತ್ತು ಜನರ ಹಿಂದೆ ಓಡುವ ಬದಲು, ನಿಮ್ಮ ಮಾತು ಕೇಳುವ ಒಬ್ಬ ಗೆಳೆಯನ ಮುಂದಿನ ಚಿತ್ರವನ್ನೂ ಮಾಡಿ.

ಇನ್ನು ನಿಮ್ಮ ಕೆಲಸ. ಮನೆಯಂಗಳದಲ್ಲಿ ಅಡಿಕೆ ಸುಲಿಯುವುದನ್ನು 2 ನಿಮಿಷ ಶೂಟ್ ಮಾಡಿ. ಎಡಿಟಿಂಗ್ ಲಾಕ್ ಆಗುವವರೆಗೆ, ಅಂದರೆ ಇನ್ನು ಬದಲಾವಣೆ ಇಲ್ಲ ಎಂದಾಗುವವರೆಗೆ, ಸಂಗೀತಕ್ಕೆ ಕೈ ಹಾಕಬೇಡಿ. ಲಾಕ್ ಆದ ಮೇಲೆ ಮೊದಲು ಅಲ್ಲಿರುವ ಸದ್ದುಗಳನ್ನು ಪಟ್ಟಿ ಮಾಡಿ: ಸಿಪ್ಪೆ ಬಿರಿಯುವುದು, ಅಡಿಕೆ ಬುಟ್ಟಿಗೆ ಬೀಳುವುದು, ಪಂಪಿನ ಸದ್ದು. ಆ ಸದ್ದುಗಳೇ ಕೆಲಸ ಮಾಡುವ ಕಡೆ ಜಾಗ ಬಿಡಿ. ಒಂದೇ ವಾದ್ಯ, ಒಂದೇ ಚಿಕ್ಕ ಸ್ವರಗುಚ್ಛ ಸಾಕು. ಒಂದು ಸಲ ಬರಲಿ, ಜಾಸ್ತಿ ಅಂದರೆ ಎರಡು ಸಲ.

ಫೈಲನ್ನು 48 ಕಿಲೋಹರ್ಟ್ಸ್ ವೇವ್ (WAV) ರೂಪದಲ್ಲಿ ತೆಗೆಯಿರಿ. ಸಂಗೀತ ನಡುವೆ ಶುರುವಾಗುವುದಾದರೂ ಫೈಲು ಚಿತ್ರದ ಮೊದಲ ಫ್ರೇಮಿನಿಂದಲೇ ಶುರುವಾಗಲಿ, ಎಡಿಟರಿಗೆ ಕೂಡಿಸಲು ಸುಲಭ. ನಿರ್ದೇಶಕರಿಗೆ ಸಂಗೀತ ಇರುವ ಪ್ರತಿಯನ್ನೂ ಇಲ್ಲದ ಪ್ರತಿಯನ್ನೂ ಒಟ್ಟಿಗೆ ಕಳಿಸಿ, ಇಲ್ಲದ್ದನ್ನು ಮೊದಲು ನೋಡಲು ಹೇಳಿ.