ಸ ಪಕ್ಕದಲ್ಲೇ ಪ: ಲಂಡನ್ನಿನಲ್ಲಿ ಸ್ಟೀಲ್ ಪ್ಯಾನ್ ಕಲಿತ ನನ್ನ ಅನುಭವ

ಲಂಡನ್ನಿನ ಕೆರಿಬಿಯನ್ ಬೀದಿ ಹಬ್ಬವಾದ ನಾಟಿಂಗ್ ಹಿಲ್ ಕಾರ್ನಿವಲ್‌ಗೆ ಹೋಗುವ ಸ್ಟೀಲ್ ಬ್ಯಾಂಡ್ ಒಂದರಲ್ಲಿ ನಾನು ಟೆನರ್ ಪ್ಯಾನ್, ಅಂದ್ರೆ ಹಾಡಿನ ಮುಖ್ಯ ಧಾಟಿ ನುಡಿಸುವ ಪ್ಯಾನ್, ಬಾರಿಸುತ್ತೇನೆ. ಕರ್ನಾಟಕ ಸಂಗೀತ ಕಲಿತವರಿಗೆ ಇದು ಕಷ್ಟವಾ ಅಂತ ತುಂಬಾ ಜನ ಕೇಳ್ತಾರೆ, ಅದಕ್ಕೇ ಬರೆಯುತ್ತಿದ್ದೇನೆ.

ಪ್ಯಾನ್ ಅಂದ್ರೆ ಎಣ್ಣೆ ಡ್ರಮ್ಮು. ಅದರ ತಳವನ್ನು ಬಾಣಲೆ ತರಹ ಒಳಕ್ಕೆ ಬಡಿದು ಇಳಿಸಿ, ಒಂದೊಂದು ಸ್ವರಕ್ಕೂ ಒಂದೊಂದು ಜಾಗ ಮಾಡಿರುತ್ತಾರೆ. ನನ್ನ ಪ್ಯಾನ್‌ನಲ್ಲಿ ಸ ಪಕ್ಕ ಒಂದು ಕಡೆ ಪ, ಇನ್ನೊಂದು ಕಡೆ ಮ. ಹೀಗೇ ಪಂಚಮದ ಪಕ್ಕ ಪಂಚಮ ಇಟ್ಟುಕೊಂಡು ಸುತ್ತು ಬಂದರೆ ಹನ್ನೆರಡು ಸ್ವರ ಮುಗಿಯುತ್ತದೆ. ಮೇಲಿನ ಸ್ಥಾಯಿ ಅದೇ ಸ್ವರದ ನೇರ ಒಳಗಿರುತ್ತದೆ. ಈ ಜೋಡಣೆ ಕೆರಿಬಿಯನ್ ದ್ವೀಪ ಟ್ರಿನಿಡಾಡಿನ ಪ್ಯಾನ್ ವಾದಕ ಆಂಟನಿ ವಿಲಿಯಮ್ಸ್ ಅವರದ್ದು. ಮೋಹನ ರಾಗ ನುಡಿಸಿ ನೋಡಿ: ಸ-ಪ-ರಿ-ದ-ಗ, ಐದೂ ಸಾಲಾಗಿ ಅಕ್ಕಪಕ್ಕ! ಆದರೆ ಸರಳೆ ವರಸೆಯ ಮಾಯಾಮಾಳವಗೌಳ ಮೂರು ಗುಂಪಾಗಿ ಚದುರುತ್ತದೆ, ಮ-ಸ-ಪ ಒಂದು ಕಡೆ, ಗ-ನಿ ಇನ್ನೊಂದು ಕಡೆ, ರಿ-ದ ಮತ್ತೊಂದು ಕಡೆ, ಕೈ ಓಡಾಡಿ ಓಡಾಡಿ ಸಾಕಾಗುತ್ತದೆ. ಗಮಕದ ಆಸೆ ಬಿಟ್ಟುಬಿಡಿ. ಸ್ವರ ಎಳೆಯಬೇಕಂದ್ರೆ ಎರಡೂ ಕೋಲಿನಿಂದ ಒಂದೇ ಜಾಗದಲ್ಲಿ ಬೇಗ ಬೇಗ ಬಡಿಯಬೇಕು, ಅದಕ್ಕೆ ರೋಲ್ ಅಂತಾರೆ. ಕೋಲಿನ ತುದಿಗೆ ರಬ್ಬರ್ ಇರುತ್ತದೆ, ಹಿಡಿತ ಸಡಿಲವಿದ್ದಷ್ಟೂ ನಾದ ಚೆನ್ನ.

ನಮ್ಮ ಬ್ಯಾಂಡ್‌ನಲ್ಲಿ ನೋಟೇಶನ್ ಇಲ್ಲ. ಹೇಳಿಕೊಡುವವರು ಒಂದು ತುಂಡು ನುಡಿಸ್ತಾರೆ, ನಾವು ತಿರುಗಿ ನುಡಿಸ್ತೇವೆ. ಪಾಠದ ಈ ಕ್ರಮ ಕರ್ನಾಟಕ ಸಂಗೀತ ಕಲಿತ ನಮಗೆ ಗೊತ್ತಿರೋದೇ ಅಲ್ವಾ?

ಈ ವಾದ್ಯ ಹುಟ್ಟಿದ್ದು ನಿಷೇಧದಿಂದ. 1880ರ ದಶಕದಲ್ಲಿ ಟ್ರಿನಿಡಾಡಿನ ಬ್ರಿಟಿಷ್ ಸರ್ಕಾರ ಕಾರ್ನಿವಲ್‌ನಲ್ಲಿ ಡೋಲು ಬಾರಿಸೋದನ್ನು ತಡೆಯಿತು. ಜನ ಬಿದಿರು ಕುಟ್ಟಿದರು, ಆಮೇಲೆ ಬಿಸ್ಕತ್ ಡಬ್ಬ, ಕೊನೆಗೆ ಎಣ್ಣೆ ಡ್ರಮ್ಮು. 1951ರಲ್ಲಿ ಟ್ರಿನಿಡಾಡಿನ ಟ್ಯಾಸ್ಪೋ ಅನ್ನೋ ಸ್ಟೀಲ್ ಪ್ಯಾನ್ ತಂಡ, ಬ್ರಿಟನ್ನಿನ ರಾಷ್ಟ್ರೀಯ ಉತ್ಸವ ಫೆಸ್ಟಿವಲ್ ಆಫ್ ಬ್ರಿಟನ್‌ಗೆ ಬಂತು. ಅದರ ಸ್ಟರ್ಲಿಂಗ್ ಬೆಟನ್‌ಕೋರ್ಟ್ ಇಲ್ಲೇ ಉಳಿದರು. 1960ರ ದಶಕದಲ್ಲಿ ಅವರೂ ಟ್ರಿನಿಡಾಡಿನವರೇ ಆದ ಸಂಗೀತಗಾರ ರಸೆಲ್ ಹೆಂಡರ್ಸನ್ನರೂ ಪ್ಯಾನ್ ಕೊರಳಿಗೆ ನೇತುಹಾಕಿಕೊಂಡು ನಾಟಿಂಗ್ ಹಿಲ್ ಬೀದಿಗಿಳಿದರು, ಜನ ಹಿಂದೆ ಹೊರಟರು. ನನಗೆ ಕಾರ್ನಿವಲ್ ಅಂದ್ರೆ ಇದೇ, ದೊಡ್ಡ ಸ್ಪೀಕರ್‌ಗಳಲ್ಲ.

ಕಾರ್ನಿವಲ್‌ನಲ್ಲಿ ಮೊಳಗುವ ಕುಣಿತದ ಸಂಗೀತ ಸೋಕಾ ಕೇಳುವಾಗ ನಮ್ಮವರ ಕಿವಿ ನಿಮಿರುತ್ತದೆ. 1970ರ ದಶಕದಲ್ಲಿ ಟ್ರಿನಿಡಾಡಿನ ಹಾಡುಗಾರ ಲಾರ್ಡ್ ಶಾರ್ಟಿ, ಅಲ್ಲಿನ ಹಳೆಯ ಹಾಡಿನ ಶೈಲಿ ಕ್ಯಾಲಿಪ್ಸೋಗೆ ಢೋಲಕ್ ಲಯ ಬೆರೆಸಿದರು, ಸೋಕಾ ಹುಟ್ಟಿದ್ದು ಹಾಗೆ. 1845ರಿಂದ ಟ್ರಿನಿಡಾಡಿಗೆ ಕೂಲಿಗೆ ಹೋದ ಭಾರತೀಯರ ಮಕ್ಕಳು ಮೊಮ್ಮಕ್ಕಳು ಅಲ್ಲಿದ್ದರಲ್ಲ.

ಕಲಿಯೋರಿಗೆ ಒಂದೇ ಮಾತು. ಕಾರ್ನಿವಲ್ ದಿನ ರಸ್ತೆಯಲ್ಲಿ ಬ್ಯಾಂಡ್‌ನ ಗಾಡಿ ಹೊರಟ ಮೇಲೆ ನಿಮ್ಮ ಪ್ಯಾನ್ ನಿಮಗೇ ಸರಿಯಾಗಿ ಕೇಳಿಸಲ್ಲ. ಕೇಳಿಸೋದು 'ಐರನ್', ಅಂದ್ರೆ ಹಳೆ ಕಾರಿನ ಬ್ರೇಕ್ ಡ್ರಮ್ಮನ್ನು ಕಬ್ಬಿಣದ ಕೋಲಿಂದ ಬಡಿಯುವ ಸದ್ದು. ಅಭ್ಯಾಸಕ್ಕೆ ಹೋದಾಗಲೇ ಅದರ ಹತ್ತಿರ ನಿಂತು ನುಡಿಸಿ, ಜೊತೆಗೆ ಇಯರ್‌ಪ್ಲಗ್ ಹಾಕಿಕೊಳ್ಳಿ.